ಅಬಕಾರಿ ಜಪ್ತಿ ಮತ್ತು ವಾಹನಗಳ ಬಿಡುಗಡೆ: ಮಾಲೀಕರು ತಟ್ಟಬೇಕಾದ ಎರಡು ಬಾಗಿಲುಗಳು

ಅಬಕಾರಿ ಕಚೇರಿಗಳ ಮತ್ತು ಪೊಲೀಸ್ ಠಾಣೆಗಳ ಹಿಂಬದಿಯ ಆವರಣಗಳಲ್ಲಿ ಬಿಸಿಲು ಮಳೆಗೆ ಮೈಯೊಡ್ಡಿ ನಿಂತಿರುವ ಲಾರಿ, ಟೆಂಪೋ, ಕಾರುಗಳ ಸಾಲು ವಾಣಿಜ್ಯ ವಲಯದವರಿಗೆ ಅಪರಿಚಿತ ದೃಶ್ಯವೇನಲ್ಲ. ಗಾಳಿ ಇಳಿದ ಚಕ್ರಗಳು, ಸತ್ತ ಬ್ಯಾಟರಿ, ತುಕ್ಕು ಹಿಡಿದ ತಳಭಾಗ, ಚಾಸಿಯ ನಡುವೆ ಹಬ್ಬಿದ ಬಳ್ಳಿ – ಇವೆಲ್ಲವೂ ಒಂದು ಕಾಲಕ್ಕೆ ದುಡಿಯುತ್ತಿದ್ದ ಬಂಡವಾಳದ ಇಂದಿನ ಸ್ಥಿತಿಯನ್ನು ಹೇಳುತ್ತವೆ. ಇವುಗಳಲ್ಲಿ ಕೆಲವು ಅಕ್ರಮ ಮದ್ಯ ಸಾಗಾಟಕ್ಕೆಂದೇ ಬಳಕೆಯಾದವು. ಅವುಗಳ ಬಗ್ಗೆ ಮರುಕ ಪಡಬೇಕಾದ ಕಾರಣವಿಲ್ಲ. ಆದರೆ ಚಾಲಕನ ದುರಾಸೆಯಿಂದಲೋ, ಬಾಡಿಗೆದಾರನ ವಂಚನೆಯಿಂದಲೋ, ಪರವಾನಗಿಯ ಅವಧಿ ಮೀರಿದ್ದರಿಂದಲೋ ಸಿಕ್ಕಿಬಿದ್ದ ವಾಹನಗಳೂ ಅದೇ ಸಾಲಿನಲ್ಲಿ ನಿಂತು ಅದೇ ಗತಿಯನ್ನು ಕಾಣುತ್ತವೆ.

ಇದರ ಆರ್ಥಿಕ ಪರಿಣಾಮವನ್ನು ಒಂದು ಸಣ್ಣ ಲೆಕ್ಕದಿಂದ ತಿಳಿಯಬಹುದು. ಉದಾಹರಣೆಗೆ, ಸಾಲದ ಮೇಲೆ ಖರೀದಿಸಿದ ಲಾರಿಯೊಂದರ ಮಾಸಿಕ ಕಂತು 60,000 ರೂಪಾಯಿ ಎಂದು ಭಾವಿಸೋಣ. ವಾಹನವು ಎಂಟು ತಿಂಗಳು ಜಪ್ತಿಯಲ್ಲಿ ಉಳಿದರೆ ದುಡಿಮೆಯಿಲ್ಲದೆ ಕಟ್ಟಬೇಕಾದ ಕಂತುಗಳ ಮೊತ್ತವೇ 4,80,000 ರೂಪಾಯಿಗಳಾಗುತ್ತದೆ. ವಿಮೆಯ ಕಂತು, ಟೈರುಗಳ ಹಾಳು, ಎಂಜಿನ್ ದುರಸ್ತಿ, ಕೈತಪ್ಪಿದ ಬಾಡಿಗೆ ಇವೆಲ್ಲವೂ ಇದಕ್ಕೆ ಸೇರುತ್ತವೆ. ಒಂದೇ ಲಾರಿಯನ್ನು ನಂಬಿದ ಮಾಲೀಕನಿಗೆ ಅಷ್ಟರಲ್ಲಿ ವ್ಯವಹಾರವೇ ಮುಗಿದಿರುತ್ತದೆ. ಕೊನೆಗೆ ಆತನು ನಿರ್ದೋಷಿಯೆಂದು ತೀರ್ಮಾನವಾದರೂ ಕೈಗೆ ಬರುವುದು ಲಾರಿಯಲ್ಲ, ಗುಜರಿ. ಆದಕಾರಣ ಅಬಕಾರಿ ಪ್ರಕರಣಗಳಲ್ಲಿ ಜಪ್ತಿಯಾದ ವಾಹನದ ಬಿಡುಗಡೆಗೆ ಕಾನೂನಿನಲ್ಲಿ ಇರುವ ದಾರಿಗಳಾವುವು, ಅವುಗಳಲ್ಲಿ ಯಾವುದನ್ನು ಯಾವಾಗ ಹಿಡಿಯಬೇಕು ಎಂಬುದನ್ನು ಸಾರಿಗೆ ಉದ್ಯಮಿಗಳೂ, ಸರಕು ಕಳುಹಿಸುವ ವರ್ತಕರೂ, ಹಣಕಾಸು ಸಂಸ್ಥೆಗಳೂ ಅರಿತಿರುವುದು ಅವಶ್ಯ.

ಯಾವ ಅಬಕಾರಿ, ಯಾವ ಕಾಯಿದೆ?

ಮೊದಲಿಗೆ ಒಂದು ಗೊಂದಲವನ್ನು ನಿವಾರಿಸಿಕೊಳ್ಳಬೇಕು. ಕಾರ್ಖಾನೆಗಳ ಉತ್ಪಾದನೆಯ ಮೇಲೆ ವಿಧಿಸಲಾಗುತ್ತಿದ್ದ ಕೇಂದ್ರ ಅಬಕಾರಿ ಸುಂಕವು 2017ರ ಜುಲೈ 1ರಿಂದ ಬಹುಮಟ್ಟಿಗೆ ಸರಕು ಮತ್ತು ಸೇವಾ ತೆರಿಗೆಯಲ್ಲಿ ವಿಲೀನವಾಯಿತು. ತೆರಿಗೆ ದಾಖಲೆಗಳ ಕೊರತೆಯಿಂದ ಸರಕು ವಾಹನವನ್ನು ತಡೆಹಿಡಿದರೆ ಅದಕ್ಕೆ ಅನ್ವಯಿಸುವುದು ಸರಕು ಮತ್ತು ಸೇವಾ ತೆರಿಗೆ ಅಧಿನಿಯಮದ 129 ಮತ್ತು 130ನೆಯ ಪ್ರಕರಣಗಳು. ಅಲ್ಲಿಯ ವಿಧಾನವೇ ಬೇರೆ. ಇಲ್ಲಿ ಚರ್ಚಿಸುತ್ತಿರುವುದು ಮದ್ಯಕ್ಕೆ ಸಂಬಂಧಿಸಿದ ರಾಜ್ಯ ಅಬಕಾರಿ ಕಾನೂನನ್ನು.

ಸಂವಿಧಾನದ ಏಳನೆಯ ಅನುಸೂಚಿಯ ಪ್ರಕಾರ ಮಾದಕ ಮದ್ಯಗಳ ತಯಾರಿಕೆ, ಸಾಗಾಣಿಕೆ, ಮಾರಾಟಗಳು ರಾಜ್ಯ ಪಟ್ಟಿಗೆ ಸೇರಿವೆ. ಹಾಗಾಗಿ ಪ್ರತಿ ರಾಜ್ಯಕ್ಕೂ ತನ್ನದೇ ಕಾಯಿದೆ ಇದೆ. ನಮ್ಮಲ್ಲಿ ಜಾರಿಯಲ್ಲಿರುವುದು ಕರ್ನಾಟಕ ಅಬಕಾರಿ ಅಧಿನಿಯಮ, 1965. ದೆಹಲಿಯಲ್ಲಿ 2009ರ ಅಧಿನಿಯಮವಿದೆ. ಮಧ್ಯಪ್ರದೇಶದಲ್ಲಿ 1915ರ ಕಾಯಿದೆಯೇ ತಿದ್ದುಪಡಿಗಳೊಂದಿಗೆ ಮುಂದುವರಿದಿದೆ. ಗುಜರಾತಿನಲ್ಲಿ 1949ರ ಪಾನನಿರೋಧ ಕಾಯಿದೆ, ಬಿಹಾರದಲ್ಲಿ 2016ರ ಪಾನನಿರೋಧ ಮತ್ತು ಅಬಕಾರಿ ಕಾಯಿದೆ. ಬೆಂಗಳೂರಿನಿಂದ ಹೊರಟ ಲಾರಿಯೊಂದು ಪಾಟ್ನಾ ತಲಪುವಷ್ಟರಲ್ಲಿ ನಾಲ್ಕಾರು ಅಬಕಾರಿ ಕಾಯಿದೆಗಳ ಗಡಿಗಳನ್ನು ದಾಟಿರುತ್ತದೆ. ಕಾರವಾರದ ಬಳಿಯ ಮಾಜಾಳಿ ತನಿಖಾ ಠಾಣೆಯಲ್ಲಿ ಗೋವಾ ಮದ್ಯದೊಂದಿಗೆ ಸಿಕ್ಕ ವಾಹನಕ್ಕೆ ಅನ್ವಯಿಸುವ ನಿಯಮ ಬಿಹಾರದ ಗಡಿಯಲ್ಲಿ ಸಿಕ್ಕ ವಾಹನಕ್ಕೆ ಅನ್ವಯಿಸುವುದಿಲ್ಲ. ಒಂದು ರಾಜ್ಯದಲ್ಲಿ ದೊರೆತ ಬಿಡುಗಡೆ ಆದೇಶವನ್ನು ಇನ್ನೊಂದು ರಾಜ್ಯದಲ್ಲಿ ಮುಂದಿಟ್ಟು ನಿರಾಶರಾಗುವ ಮಾಲೀಕರು ಈ ಮೂಲಭೂತ ವಿಷಯವನ್ನೇ ಮರೆತಿರುತ್ತಾರೆ.

ಜಪ್ತಿ ಬೇರೆ, ಮುಟ್ಟುಗೋಲು ಬೇರೆ

ವ್ಯವಹಾರದ ಮಾತಿನಲ್ಲಿ ಈ ಎರಡು ಪದಗಳನ್ನು ಒಂದೇ ಅರ್ಥದಲ್ಲಿ ಬಳಸುವುದುಂಟು; ಕಾನೂನಿನಲ್ಲಿ ಹಾಗಲ್ಲ. ಜಪ್ತಿ ಎಂದರೆ ತನಿಖೆಗಾಗಿ ವಾಹನವನ್ನು ತಾತ್ಕಾಲಿಕವಾಗಿ ವಶಕ್ಕೆ ಪಡೆಯುವುದು. ಮಾಲೀಕತ್ವ ಆಗಲೂ ಮಾಲೀಕನದೇ. ಮುಟ್ಟುಗೋಲು ಎಂದರೆ ವಾಹನದ ಸ್ವಾಮ್ಯವನ್ನೇ ಸರ್ಕಾರಕ್ಕೆ ವಹಿಸಿಕೊಡುವ ಆದೇಶ. ಜಪ್ತಿಯಾದ ದಿನಕ್ಕೂ ಮುಟ್ಟುಗೋಲಿನ ಆದೇಶಕ್ಕೂ ನಡುವಿನ ಕಾಲಾವಧಿಯಲ್ಲಿ ವಾಹನವು ಯಾರ ಸುಪರ್ದಿನಲ್ಲಿರಬೇಕು ಎಂಬುದೇ ಬಿಡುಗಡೆಯ ಪ್ರಶ್ನೆ.

ಈ ಪ್ರಶ್ನೆಗೆ ಉತ್ತರ ಕೊಡುವ ಬಾಗಿಲುಗಳು ಎರಡು. ಒಂದು ದಂಡಾಧಿಕಾರಿಗಳ ನ್ಯಾಯಾಲಯ. ಇನ್ನೊಂದು, ಅಬಕಾರಿ ಕಾಯಿದೆಯಡಿ ಮುಟ್ಟುಗೋಲಿನ ಅಧಿಕಾರ ಪಡೆದಿರುವ ಅಧಿಕಾರಿ. ಒಂದು ಬಾಗಿಲನ್ನಷ್ಟೇ ತಟ್ಟುತ್ತ ಇನ್ನೊಂದನ್ನು ಮರೆಯುವುದರಿಂದಲೇ ತಿಂಗಳುಗಟ್ಟಲೆ ಕಾಲ ವ್ಯರ್ಥವಾಗುತ್ತದೆ.

ಮೊದಲನೆಯ ಬಾಗಿಲು: ನ್ಯಾಯಾಲಯ

ಜಪ್ತಿಯಾದ ಸ್ವತ್ತಿನ ಮಧ್ಯಂತರ ಸುಪರ್ದಿಗೆ ಸಂಬಂಧಿಸಿದಂತೆ ಬಹುಕಾಲ ಆಧಾರವಾಗಿದ್ದುದು 1973ರ ದಂಡ ಪ್ರಕ್ರಿಯಾ ಸಂಹಿತೆಯ 451 ಮತ್ತು 457ನೆಯ ಪ್ರಕರಣಗಳು. ಈ ಪ್ರಕರಣಗಳನ್ನು ಹೇಗೆ ಬಳಸಬೇಕೆಂಬುದನ್ನು ಸರ್ವೋಚ್ಚ ನ್ಯಾಯಾಲಯವು 2002ರ ಅಕ್ಟೋಬರ್ 1ರಂದು ಸುಂದರ್‌ಭಾಯಿ ಅಂಬಾಲಾಲ್ ದೇಸಾಯಿ ವಿರುದ್ಧ ಗುಜರಾತ್ ರಾಜ್ಯ ಪ್ರಕರಣದಲ್ಲಿ ವಿಶದಪಡಿಸಿತು. ಜಪ್ತಿಯಾದ ವಾಹನಗಳನ್ನು ಠಾಣೆಗಳಲ್ಲಿ ದೀರ್ಘಕಾಲ ಇರಿಸಿಕೊಳ್ಳುವುದರಿಂದ ಯಾವ ಪ್ರಯೋಜನವೂ ಇಲ್ಲ. ಸೂಕ್ತ ಮುಚ್ಚಳಿಕೆ, ಖಾತರಿ ಮತ್ತು ಭದ್ರತೆಗಳನ್ನು ಪಡೆದು ದಂಡಾಧಿಕಾರಿಗಳು ತ್ವರಿತವಾಗಿ ಆದೇಶ ಹೊರಡಿಸಬೇಕು. ವಿವರವಾದ ಪಂಚನಾಮೆ ಹಾಗೂ ಛಾಯಾಚಿತ್ರಗಳನ್ನು ಸಿದ್ಧಪಡಿಸಿಕೊಂಡರೆ ವಿಚಾರಣೆಯ ಕಾಲದಲ್ಲಿ ವಾಹನವನ್ನೇ ಹಾಜರುಪಡಿಸಬೇಕಾದ ಅಗತ್ಯವಿರುವುದಿಲ್ಲ – ಇದು ಆ ತೀರ್ಪಿನ ಸಾರ. ಯಾರೂ ಹಕ್ಕು ಸಾಧಿಸದ ವಾಹನಗಳನ್ನು ಹರಾಜು ಹಾಕುವ ಮಾರ್ಗವನ್ನೂ, ವಿಮಾ ಕಂಪನಿಗಳಿಗೆ ತಿಳಿವಳಿಕೆ ನೀಡುವ ಕ್ರಮವನ್ನೂ ಅದು ಸೂಚಿಸಿತು. 2010ರಲ್ಲಿ ಸಾಮಾನ್ಯ ವಿಮಾ ಮಂಡಳಿಯ ಅರ್ಜಿಯ ಮೇಲೆ ನೀಡಿದ ತೀರ್ಪಿನಲ್ಲಿ ಸರ್ವೋಚ್ಚ ನ್ಯಾಯಾಲಯವು ಈ ನಿರ್ದೇಶನಗಳ ಪಾಲನೆಯನ್ನು ಮತ್ತೆ ಒತ್ತಿಹೇಳಿತು.

2024ರ ಜುಲೈ 1ರಿಂದ ಹಳೆಯ ಸಂಹಿತೆಯ ಸ್ಥಾನದಲ್ಲಿ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ, 2023 ಜಾರಿಗೆ ಬಂದಿದೆ. ಹಳೆಯ 451ಕ್ಕೆ ಸಂವಾದಿಯಾಗಿರುವುದು ಹೊಸ ಸಂಹಿತೆಯ 497. 457ಕ್ಕೆ ಸಂವಾದಿಯಾಗಿರುವುದು 503. ಇಲ್ಲಿ ಗಮನಿಸಬೇಕಾದ ಹೊಸ ಅಂಶವೊಂದಿದೆ. ಸ್ವತ್ತು ಹಾಜರಾದ 14 ದಿನಗಳೊಳಗೆ ಅದರ ವಿವರಪಟ್ಟಿಯನ್ನು ಸಿದ್ಧಪಡಿಸಿ, ಛಾಯಾಚಿತ್ರ ತೆಗೆಸಿ, ಅಗತ್ಯವಿದ್ದಲ್ಲಿ ವಿಡಿಯೋ ಚಿತ್ರೀಕರಣವನ್ನೂ ಮಾಡಿಸಬೇಕು. ಅನಂತರದ 30 ದಿನಗಳೊಳಗೆ ಅದರ ವಿಲೇವಾರಿಗೆ ಆದೇಶ ಹೊರಡಿಸಬೇಕು ಎಂದು 497ನೆಯ ಪ್ರಕರಣವು ಹೇಳುತ್ತದೆ. 2002ರಲ್ಲಿ ತೀರ್ಪಿನ ಮೂಲಕ ಬಂದ ಆಶಯಕ್ಕೆ ಈಗ ಶಾಸನದಲ್ಲಿಯೇ ದಿನಗಳ ಲೆಕ್ಕ ದೊರೆತಂತಾಗಿದೆ. ಬಿಡುಗಡೆಯ ಅರ್ಜಿಯಲ್ಲಿ ಈ ಕಾಲಮಿತಿಯನ್ನು ಸ್ಪಷ್ಟವಾಗಿ ನಮೂದಿಸುವುದು ಒಳಿತು.

ನ್ಯಾಯಾಲಯವು ಬಿಡುಗಡೆಗೆ ಒಪ್ಪಿದಾಗ ಸಾಮಾನ್ಯವಾಗಿ ವಿಧಿಸುವ ಷರತ್ತುಗಳು ಹೀಗಿರುತ್ತವೆ: ವಾಹನದ ಮೌಲ್ಯಕ್ಕೆ ಸಮನಾದ ಮುಚ್ಚಳಿಕೆ ಮತ್ತು ಜಾಮೀನು, ಕರೆದಾಗ ವಾಹನವನ್ನು ಹಾಜರುಪಡಿಸುವ ವಾಗ್ದಾನ, ಬಣ್ಣ, ಎಂಜಿನ್, ಚಾಸಿ ಸಂಖ್ಯೆಗಳನ್ನು ಬದಲಿಸದಿರುವುದು, ಮಾರಾಟ ಮಾಡದಿರುವುದು, ಅದೇ ಬಗೆಯ ಕೃತ್ಯಕ್ಕೆ ಮತ್ತೆ ಬಳಕೆಯಾಗದಂತೆ ನೋಡಿಕೊಳ್ಳುವುದು. ಇವುಗಳಲ್ಲಿ ಯಾವುದನ್ನು ಮುರಿದರೂ ಬಿಡುಗಡೆಯ ಆದೇಶ ರದ್ದಾಗುವುದಲ್ಲದೆ ಮುಚ್ಚಳಿಕೆಯ ಹಣವನ್ನೂ ಕಳೆದುಕೊಳ್ಳಬೇಕಾಗುತ್ತದೆ.

ಎರಡನೆಯ ಬಾಗಿಲು: ಮುಟ್ಟುಗೋಲು ಪ್ರಾಧಿಕಾರಿ

ಮೇಲಿನದು ಸಾಮಾನ್ಯ ನಿಯಮ. ವಿಶೇಷ ಕಾಯಿದೆಯು ಬೇರೆ ವಿಧಾನವನ್ನು ಹೇಳಿದಲ್ಲಿ ಸಾಮಾನ್ಯ ಸಂಹಿತೆ ಹಿಂದೆ ಸರಿಯಬೇಕಾಗುತ್ತದೆ. ಅಬಕಾರಿ ಪ್ರಕರಣಗಳಲ್ಲಿ ಅನೇಕ ಅರ್ಜಿಗಳು ಎಡವುವುದು ಇಲ್ಲಿಯೇ.

ದೆಹಲಿಯ ಅಬಕಾರಿ ಅಧಿನಿಯಮದಲ್ಲಿ ಮುಟ್ಟುಗೋಲಿನ ಅಧಿಕಾರವನ್ನು ಡೆಪ್ಯುಟಿ ಕಮಿಷನರಿಗೆ ವಹಿಸಿ, 61ನೆಯ ಪ್ರಕರಣದಲ್ಲಿ ಜಪ್ತಿಯಾದ ಸ್ವತ್ತಿನ ಬಗ್ಗೆ ನ್ಯಾಯಾಲಯಗಳು ಆದೇಶ ಮಾಡದಂತೆ ನಿರ್ಬಂಧಿಸಲಾಗಿದೆ. ದಂಡಾಧಿಕಾರಿಗಳು ಇಂಥ ವಾಹನವನ್ನು ಬಿಡುಗಡೆ ಮಾಡಬಹುದೇ ಎಂಬ ಪ್ರಶ್ನೆ ಸರ್ವೋಚ್ಚ ನ್ಯಾಯಾಲಯದವರೆಗೆ ಹೋಯಿತು. 2014ರ ಜನವರಿಯಲ್ಲಿ ದೆಹಲಿ ರಾಜ್ಯ ವಿರುದ್ಧ ನರೇಂದರ್ ಪ್ರಕರಣದಲ್ಲಿ, ಶಾಸನವೇ ಅಧಿಕಾರವನ್ನು ಕಿತ್ತುಕೊಂಡಿರುವಾಗ ಕ್ರಿಮಿನಲ್ ನ್ಯಾಯಾಲಯಗಳು ಬಿಡುಗಡೆಯ ಆದೇಶ ನೀಡಲಾಗದು ಎಂದು ತೀರ್ಪಾಯಿತು. ಸುಂದರ್‌ಭಾಯಿ ತೀರ್ಪೊಂದನ್ನೇ ಕೈಯಲ್ಲಿ ಹಿಡಿದು ಎಲ್ಲ ರಾಜ್ಯಗಳಲ್ಲೂ ಬಿಡುಗಡೆ ಪಡೆಯಬಹುದೆಂಬ ನಂಬಿಕೆ ಇಲ್ಲಿ ಸಡಿಲವಾಗುತ್ತದೆ.

ಮಧ್ಯಪ್ರದೇಶದ ಕಾಯಿದೆಯಲ್ಲಿ ಈ ನಿರ್ಬಂಧಕ್ಕೆ ಕಾಲದ ಗೆರೆಯೊಂದಿದೆ. ಮುಟ್ಟುಗೋಲಿನ ನಡವಳಿ ಪ್ರಾರಂಭವಾಗಿರುವ ಬಗ್ಗೆ ದಂಡಾಧಿಕಾರಿಗಳಿಗೆ ತಿಳಿವಳಿಕೆ ತಲಪಿದ ಮೇಲೆ ಅವರು ವಾಹನದ ಸುಪರ್ದಿನ ಬಗ್ಗೆ ಆದೇಶ ಮಾಡುವಂತಿಲ್ಲ ಎಂಬುದು 47-ಡಿ ಪ್ರಕರಣದ ತಾತ್ಪರ್ಯ. ಅಂದರೆ ಜಪ್ತಿಯಾದ ವಾರದಲ್ಲಿಯೇ ಸಲ್ಲಿಸಿದ ಅರ್ಜಿಗೂ, ಎರಡು ತಿಂಗಳು ಕಳೆದು ಸಲ್ಲಿಸಿದ ಅರ್ಜಿಗೂ ಅಜಗಜಾಂತರವಿದೆ. ಗುಜರಾತಿನ ಕಾಯಿದೆಯ 98ನೆಯ ಪ್ರಕರಣವು ನಿಗದಿತ ಪ್ರಮಾಣಕ್ಕಿಂತ ಹೆಚ್ಚಿನ ಮದ್ಯ ಸಿಕ್ಕ ವಾಹನವನ್ನು ಅಂತಿಮ ತೀರ್ಪಿನವರೆಗೆ ಮುಚ್ಚಳಿಕೆಯ ಮೇಲೆ ಬಿಡಬಾರದೆಂದು ಹೇಳುತ್ತದೆ. ಅಲ್ಲಿಯ ಮಾಲೀಕರು ಸಂವಿಧಾನದ 226ನೆಯ ವಿಧಿಯಡಿ ಉಚ್ಚ ನ್ಯಾಯಾಲಯದ ಮೊರೆಹೋದ ನಿದರ್ಶನಗಳು ಹಲವಾರು.

ಬಿಹಾರದ ಅನುಭವವು ವಿಶೇಷವಾಗಿ ಗಮನಾರ್ಹ. 2016ರ ಏಪ್ರಿಲಿನಲ್ಲಿ ಪಾನನಿರೋಧ ಜಾರಿಯಾದ ಬಳಿಕ ಜಪ್ತಿಯಾದ ವಾಹನಗಳ ಸಂಖ್ಯೆ ಬೆಳೆದು, ಜಿಲ್ಲಾಧಿಕಾರಿಗಳ ಮುಂದಿನ ಮುಟ್ಟುಗೋಲು ನಡವಳಿಗಳು ವಿಳಂಬಗೊಂಡು, ಬಿಡುಗಡೆ ಕೋರುವ ಅರ್ಜಿಗಳು ಪಾಟ್ನಾ ಉಚ್ಚ ನ್ಯಾಯಾಲಯಕ್ಕೆ ಹರಿದುಬಂದವು. 2020ರ ಆದೇಶಗಳಲ್ಲಿ ಆ ನ್ಯಾಯಾಲಯವು, ಪಕ್ಷಕಾರರು ಹಾಜರಾದ 90 ದಿನಗಳೊಳಗೆ ಮುಟ್ಟುಗೋಲಿನ ನಡವಳಿಯನ್ನು ಮುಗಿಸಬೇಕು, ತಪ್ಪಿದಲ್ಲಿ ವಾಹನವು ಬಿಡುಗಡೆಯಾದಂತೆ ಭಾವಿಸತಕ್ಕದ್ದು ಎಂಬ ನಿಲುವನ್ನು ತಳೆಯಿತು. 2022ರಲ್ಲಿ ಕಾಯಿದೆಗೆ ತಿದ್ದುಪಡಿಯಾಗಿ, ದಂಡ ಪಾವತಿಸಿ ವಾಹನವನ್ನು ಬಿಡಿಸಿಕೊಳ್ಳುವ ಅವಕಾಶವೂ ಸೇರಿತು. ಕಟ್ಟುನಿಟ್ಟಿನ ಪಾನನಿರೋಧವಿರುವ ರಾಜ್ಯವೂ ವಾಹನಗಳನ್ನು ಕೊಳೆಯಲು ಬಿಡುವುದು ಯಾರಿಗೂ ಲಾಭವಲ್ಲವೆಂಬುದನ್ನು ಕಂಡುಕೊಂಡಿತೆಂಬುದು ಇದರ ಪಾಠ.

ಕರ್ನಾಟಕದಲ್ಲಿ

ಕರ್ನಾಟಕ ಅಬಕಾರಿ ಅಧಿನಿಯಮದ 43-ಎ ಪ್ರಕರಣದಡಿ ಜಪ್ತಿಯಾದ ವಾಹನವನ್ನು ಅಧಿಕಾರಪ್ರಾಪ್ತ ಅಬಕಾರಿ ಅಧಿಕಾರಿಯ ಮುಂದೆ ತರಬೇಕು. ಅಪರಾಧ ನಡೆದಿದೆಯೆಂದು ಮನವರಿಕೆಯಾದಲ್ಲಿ, ಕ್ರಿಮಿನಲ್ ಮೊಕದ್ದಮೆ ಹೂಡಿರಲಿ ಇಲ್ಲದಿರಲಿ, ಅವರು ಮುಟ್ಟುಗೋಲಿಗೆ ಆದೇಶಿಸಬಹುದು. ಇದಕ್ಕೆ ಕಡಿವಾಣವಾಗಿರುವುದು 43-ಬಿ. ಮುಟ್ಟುಗೋಲಿಗೆ ಮುನ್ನ ಕಾರಣಗಳನ್ನು ತಿಳಿಸುವ ಲಿಖಿತ ನೋಟೀಸು ನೀಡಬೇಕು, ಅಹವಾಲು ಸಲ್ಲಿಸಲು ಅವಕಾಶ ಕೊಡಬೇಕು. ತನ್ನ ಅರಿವಾಗಲಿ ಶಾಮೀಲಾಗಲಿ ಇಲ್ಲದೆ ವಾಹನ ಬಳಕೆಯಾಯಿತೆಂದೂ, ದುರ್ಬಳಕೆಯಾಗದಂತೆ ಅಗತ್ಯ ಮುನ್ನೆಚ್ಚರಿಕೆಗಳನ್ನು ವಹಿಸಲಾಗಿತ್ತೆಂದೂ ಮಾಲೀಕನು ರುಜುವಾತುಪಡಿಸಿದಲ್ಲಿ ವಾಹನವನ್ನು ಮುಟ್ಟುಗೋಲು ಹಾಕಿಕೊಳ್ಳುವಂತಿಲ್ಲ. ಮುಟ್ಟುಗೋಲಿನ ಆದೇಶದ ವಿರುದ್ಧ ಮೇಲ್ಮನವಿಗೂ ಅವಕಾಶವಿದೆ. ಅದಕ್ಕೆ ದಿನಗಳ ಮಿತಿಯೂ ಇದೆ.

ಈ ಕಾರಣದಿಂದ ಮಾಲೀಕನು ಒಂದೇ ಸಮಯದಲ್ಲಿ ಎರಡು ಕಡೆಗೂ ಗಮನ ಹರಿಸಬೇಕಾಗುತ್ತದೆ. ದಂಡಾಧಿಕಾರಿಗಳ ಮುಂದೆ ಮಧ್ಯಂತರ ಸುಪರ್ದಿಗೆ ಅರ್ಜಿ ಹಾಕಿ ಅಬಕಾರಿ ಕಚೇರಿಯ ನೋಟೀಸಿಗೆ ಉತ್ತರಿಸದೆ ಕುಳಿತರೆ, ಅತ್ತ ಮುಟ್ಟುಗೋಲಿನ ಆದೇಶವೇ ಹೊರಬಿದ್ದಿರುತ್ತದೆ. ನೋಟೀಸಿಗೆ ಉತ್ತರಿಸುವುದೇ ಬಿಡುಗಡೆಯ ಪ್ರಯತ್ನದ ಅರ್ಧಭಾಗವೆಂದು ತಿಳಿಯಬೇಕು.

ನ್ಯಾಯಾಲಯಗಳು ಎಲ್ಲ ಸಂದರ್ಭಗಳಲ್ಲೂ ಉದಾರವಾಗಿರುತ್ತವೆಂದು ಭಾವಿಸುವುದೂ ತಪ್ಪು. ನಮ್ಮ ರಾಜ್ಯದ ಅರಣ್ಯ ಕಾಯಿದೆಗೆ ಸಂಬಂಧಿಸಿದಂತೆ 2000ದಲ್ಲಿ ಕರ್ನಾಟಕ ರಾಜ್ಯ ವಿರುದ್ಧ ಕೃಷ್ಣನ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು, ಅರಣ್ಯ ಅಪರಾಧದಲ್ಲಿ ಸಿಕ್ಕ ವಾಹನವನ್ನು ನಡವಳಿ ಮುಗಿಯುವ ಮುನ್ನ ಸಾಧಾರಣವಾಗಿ ಬಿಡಬಾರದು, ಬಿಡಲೇಬೇಕಾದಲ್ಲಿ ಬ್ಯಾಂಕ್ ಖಾತರಿಯನ್ನಾದರೂ ಪಡೆಯಬೇಕು ಎಂದಿತು. ಇದಕ್ಕೆ ಎದುರಾಗಿ, ಮಾದಕ ವಸ್ತುಗಳ ಕಾಯಿದೆಯಡಿ ಜಪ್ತಿಯಾದ ಲಾರಿಯೊಂದರ ಪ್ರಕರಣದಲ್ಲಿ 2025ರ ಜನವರಿ 7ರಂದು ಅದೇ ನ್ಯಾಯಾಲಯವು ಮಧ್ಯಂತರ ಬಿಡುಗಡೆಗೆ ಆ ಕಾಯಿದೆಯಲ್ಲಿ ಅಡ್ಡಿಯಿಲ್ಲವೆಂದು ಹೇಳಿತು. ಅಸ್ಸಾಮಿನ ಆ ಲಾರಿ ಸಾಲದಿಂದ ಕೊಂಡದ್ದಾಗಿತ್ತು. ಮಾಲೀಕನ ಜೀವನೋಪಾಯವೂ ಅದೇ ಆಗಿತ್ತು. ಹೆರಾಯಿನ್ ಸಿಕ್ಕಿದ್ದು ಬೇರೊಬ್ಬ ವ್ಯಕ್ತಿಯ ಬಳಿ. ಮಾಲೀಕನ ಮೇಲಾಗಲಿ ಚಾಲಕನ ಮೇಲಾಗಲಿ ಆರೋಪವಿರಲಿಲ್ಲ. ಈ ಎರಡೂ ತೀರ್ಪುಗಳು ಬೇರೆ ಕಾಯಿದೆಗಳಿಗೆ ಸಂಬಂಧಿಸಿದವು. ಆದರೂ ನ್ಯಾಯಾಲಯವು ಏನನ್ನು ತೂಗಿ ನೋಡುತ್ತದೆ ಎಂಬುದು ಇವುಗಳಿಂದ ತಿಳಿಯುತ್ತದೆ: ಶಾಸನದ ಮಾತು, ಮಾಲೀಕನ ಪಾತ್ರ, ಸರ್ಕಾರದ ಹಿತವನ್ನು ಕಾಯುವ ಭದ್ರತೆ.

ಕ್ರಿಮಿನಲ್ ಮೊಕದ್ದಮೆಯಲ್ಲಿ ಖುಲಾಸೆಯಾದರೆ ವಾಹನ ತಾನಾಗಿಯೇ ಮರಳುತ್ತದೆಯೇ? ಮುಟ್ಟುಗೋಲು ಪ್ರತ್ಯೇಕ ನಡವಳಿಯಾದುದರಿಂದ ಹಾಗೆಂದು ನಿಶ್ಚಿಂತರಾಗಿರುವಂತಿಲ್ಲ. ಆದರೆ 2022ರ ಮಾರ್ಚಿನಲ್ಲಿ, ಮಧ್ಯಪ್ರದೇಶದ ಗೋಹತ್ಯಾ ನಿಷೇಧ ಕಾಯಿದೆಯಡಿ ಮುಟ್ಟುಗೋಲಾಗಿದ್ದ ಲಾರಿಯೊಂದರ ಪ್ರಕರಣದಲ್ಲಿ, ಆರೋಪಿಗಳು ಖುಲಾಸೆಯಾದ ಮೇಲೂ ವಾಹನವನ್ನು ಕಸಿದುಕೊಳ್ಳುವುದು ಸಂವಿಧಾನದ 300-ಎ ವಿಧಿ ರಕ್ಷಿಸುವ ಆಸ್ತಿಯ ಹಕ್ಕಿಗೆ ಚ್ಯುತಿಯೆಂದು ಸರ್ವೋಚ್ಚ ನ್ಯಾಯಾಲಯವು ಹೇಳಿ ಆದೇಶವನ್ನು ರದ್ದುಪಡಿಸಿದೆ. ಖುಲಾಸೆಯ ತೀರ್ಪಿನ ದೃಢೀಕೃತ ಪ್ರತಿಯನ್ನು ಒಡನೆಯೇ ಮುಟ್ಟುಗೋಲು ಪ್ರಾಧಿಕಾರಿಗೆ ಸಲ್ಲಿಸುವುದು ಮಾಲೀಕನ ಹೊಣೆ.

ಕಾಗದವೇ ಸಾಕ್ಷಿ

ಯಾವ ಬಾಗಿಲನ್ನು ತಟ್ಟಿದರೂ ಕೊನೆಗೆ ಎದುರಾಗುವುದು ಒಂದೇ ಪ್ರಶ್ನೆ: ಮಾಲೀಕನಿಗೆ ಗೊತ್ತಿತ್ತೇ, ಗೊತ್ತಿರದಿದ್ದರೆ ಎಚ್ಚರಿಕೆ ವಹಿಸಿದ್ದನೇ? “ನನಗೆ ತಿಳಿಯದು” ಎಂಬ ಬಾಯಿಮಾತಿಗೆ ಬೆಲೆಯಿಲ್ಲ. ಜಪ್ತಿಯ ನಂತರ ಬರೆಸಿದ ಪ್ರಮಾಣಪತ್ರಕ್ಕಿಂತ ಜಪ್ತಿಗೆ ಮುಂಚೆಯೇ ಇದ್ದ ದಾಖಲೆಗೆ ಹೆಚ್ಚು ತೂಕ. ಆದ್ದರಿಂದ ಸಾರಿಗೆ ಸಂಸ್ಥೆಗಳು ಈ ಕೆಳಗಿನವುಗಳನ್ನು ನಿತ್ಯದ ಪದ್ಧತಿಯಾಗಿ ರೂಢಿಸಿಕೊಳ್ಳುವುದು ಸೂಕ್ತ.

1. ಚಾಲಕರನ್ನು ನೇಮಿಸಿಕೊಳ್ಳುವಾಗ ಚಾಲನಾ ಪರವಾನಗಿಯ ಪರಿಶೀಲನೆ, ಹಾಗೂ ಮದ್ಯ ಮತ್ತು ನಿಷೇಧಿತ ವಸ್ತುಗಳನ್ನು ಸಾಗಿಸಬಾರದೆಂಬ ಲಿಖಿತ ಸೂಚನೆಗೆ ಅವರ ಸಹಿ.

2. ಪ್ರತಿ ಪ್ರಯಾಣಕ್ಕೂ ಸಂಖ್ಯೆಯುಳ್ಳ ಟ್ರಿಪ್ ಶೀಟು, ಲಾರಿ ರಸೀತಿ ಮತ್ತು ಸರಕುಪಟ್ಟಿಯ ಪ್ರತಿಗಳನ್ನು ಕಚೇರಿಯಲ್ಲಿ ಉಳಿಸಿಕೊಳ್ಳುವುದು. ಜಿಪಿಎಸ್ ಅಳವಡಿಸಿದ್ದಲ್ಲಿ ಅದರ ದಾಖಲೆಯನ್ನು ಕಾಯ್ದಿರಿಸುವುದು.

3. ಬಾಡಿಗೆಗೆ ಕೊಟ್ಟ ವಾಹನಗಳಿಗೆ ಲಿಖಿತ ಕರಾರು. ಬಾಡಿಗೆದಾರನ ಗುರುತಿನ ದಾಖಲೆ.

4. ಮಾರಿದ ವಾಹನದ ನೋಂದಣಿ ವರ್ಗಾವಣೆಯನ್ನು ಕೂಡಲೇ ಮಾಡಿಸುವುದು. ನೋಂದಣಿ ಪತ್ರದಲ್ಲಿ ಹೆಸರಿರುವವರೇ ಬಿಡುಗಡೆಯನ್ನು ಕೋರಬೇಕಾಗಿ ಬರುವುದರಿಂದ, ಕೈಬದಲಾಗಿ ಹೆಸರು ಬದಲಾಗದ ವಾಹನಗಳು ಠಾಣೆಯ ಆವರಣದಲ್ಲಿ ಅನಾಥವಾಗುತ್ತವೆ.

5. ಕಾನೂನುಬದ್ಧವಾಗಿ ಮದ್ಯ ಸಾಗಿಸುವವರು ಪರವಾನಗಿಯಲ್ಲಿ ನಮೂದಾದ ಮಾರ್ಗ, ಪ್ರಮಾಣ, ಅವಧಿಗಳನ್ನು ಚಾಚೂತಪ್ಪದೆ ಪಾಲಿಸುವುದು. ಮಾನವ ಸೇವನೆಯ ಮದ್ಯವು ಸರಕು ಮತ್ತು ಸೇವಾ ತೆರಿಗೆಯ ಹೊರಗಿರುವುದರಿಂದ ತೆರಿಗೆಯ ದಾಖಲೆಗಳು ಅಬಕಾರಿ ಪರವಾನಗಿಗೆ ಬದಲಿಯಾಗಲಾರವು. ವಾಹನ ದಾರಿಯಲ್ಲಿ ಕೆಟ್ಟು ಅವಧಿ ಮೀರುವಂತಿದ್ದರೆ ಒಡನೆ ಸಮೀಪದ ಅಬಕಾರಿ ಕಚೇರಿಗೆ ಲಿಖಿತವಾಗಿ ತಿಳಿಸುವುದು.

ಜಪ್ತಿಯಾದ ಮೇಲೆ ಮೊದಲ ವಾರ ಅಮೂಲ್ಯವಾದುದು. ಪಂಚನಾಮೆಯ ಪ್ರತಿಯನ್ನು ಪಡೆಯುವುದು, ವಾಹನದ ಸ್ಥಿತಿಯನ್ನು ಛಾಯಾಚಿತ್ರಗಳಲ್ಲಿ ದಾಖಲಿಸಲು ಕೋರುವುದು, ಯಾವ ಕಾಯಿದೆಯ ಯಾವ ಪ್ರಕರಣದಡಿ ಜಪ್ತಿಯಾಗಿದೆ ಮತ್ತು ಮುಟ್ಟುಗೋಲು ಪ್ರಾಧಿಕಾರಿ ಯಾರು ಎಂಬುದನ್ನು ಖಚಿತಪಡಿಸಿಕೊಳ್ಳುವುದು, ಸಾಲ ನೀಡಿದ ಸಂಸ್ಥೆಗೂ ವಿಮಾ ಕಂಪನಿಗೂ ಲಿಖಿತವಾಗಿ ತಿಳಿಸುವುದು – ಇವು ತುರ್ತಿನ ಕೆಲಸಗಳು. ಅದೇ ಲಾರಿಯಲ್ಲಿದ್ದ ನ್ಯಾಯಬದ್ಧ ಸರಕಿನ ಒಡೆಯರು ಲಾರಿ ಮಾಲೀಕನ ಅರ್ಜಿಯನ್ನೇ ನೆಚ್ಚಿಕೊಳ್ಳದೆ, ತಮ್ಮ ಸರಕುಪಟ್ಟಿಯನ್ನು ಲಗತ್ತಿಸಿ ಪ್ರತ್ಯೇಕ ಅರ್ಜಿ ಸಲ್ಲಿಸಬೇಕು. ಸರಕು ಬೇಗ ಕೆಡುವಂಥದಾಗಿದ್ದರೆ ಅದನ್ನು ಸ್ಪಷ್ಟವಾಗಿ ನಮೂದಿಸಬೇಕು. ಅಂಥ ಸ್ವತ್ತನ್ನು ಮಾರಿಸುವ ಅಧಿಕಾರ ನ್ಯಾಯಾಲಯಕ್ಕೆ ಸಂಹಿತೆಯಲ್ಲಿಯೇ ಇದೆ.

ಕಾಲಮಿತಿ ಎರಡೂ ಕಡೆಗೆ ಇರಲಿ

ಅಕ್ರಮ ಮದ್ಯದ ಸಾಗಾಟವನ್ನು ತಡೆಯುವುದು ಸರ್ಕಾರದ ಕರ್ತವ್ಯ. ರಾಜಸ್ವದ ದೃಷ್ಟಿಯಿಂದಲೂ ಜನರ ಆರೋಗ್ಯದ ದೃಷ್ಟಿಯಿಂದಲೂ ಅದರ ಅಗತ್ಯವನ್ನು ವ್ಯಾಪಾರ ಸಮುದಾಯ ಅಲ್ಲಗಳೆಯುವುದಿಲ್ಲ. ಬಿಡುಗಡೆಯಾದ ವಾಹನವೇ ಮತ್ತೆ ಅದೇ ದಂಧೆಗೆ ಇಳಿಯುವ ಭಯವೂ ಆಧಾರರಹಿತವಲ್ಲ. ಆದರೆ ಆ ಭಯಕ್ಕೆ ಮುಚ್ಚಳಿಕೆ, ಬ್ಯಾಂಕ್ ಖಾತರಿ, ಚಿತ್ರೀಕರಣ ಮುಂತಾದ ಮದ್ದುಗಳು ಇವೆ. ತುಕ್ಕು ಹಿಡಿದ ಲಾರಿಗೆ ಮದ್ದಿಲ್ಲ. ವರ್ಷಗಳ ನಂತರ ಮುಟ್ಟುಗೋಲಾಗಿ ಹರಾಜಿಗೆ ಬರುವ ಗುಜರಿಯಿಂದ ಸರ್ಕಾರದ ಬೊಕ್ಕಸವೂ ತುಂಬುವುದಿಲ್ಲ.

ಮೇಲ್ಮನವಿ ಸಲ್ಲಿಸುವ ಮಾಲೀಕನಿಗೆ ಕಾಯಿದೆಯು ದಿನಗಳನ್ನು ಎಣಿಸಿ ಹೇಳುತ್ತದೆ. ನೋಟೀಸು ಕೊಡುವ, ಆದೇಶ ಬರೆಯುವ ಪ್ರಾಧಿಕಾರಿಗೂ ಅಂಥದೇ ಎಣಿಕೆ ಇರಬೇಕೆಂಬುದು ನ್ಯಾಯವಾದ ಅಪೇಕ್ಷೆ. ಪಾಟ್ನಾ ಉಚ್ಚ ನ್ಯಾಯಾಲಯವು 90 ದಿನಗಳ ಗೆರೆ ಎಳೆದುದರ ಹಿಂದೆಯೂ, ಹೊಸ ಸಂಹಿತೆಯು 14 ಮತ್ತು 30 ದಿನಗಳನ್ನು ನಮೂದಿಸಿದುದರ ಹಿಂದೆಯೂ ಇರುವುದು ಇದೇ ವಿವೇಕ. ಅಬಕಾರಿ ಕಾಯಿದೆಗಳಲ್ಲಿಯೂ ಅದು ಸ್ಪಷ್ಟ ಅಕ್ಷರಗಳಲ್ಲಿ ಮೂಡಿಬರುವವರೆಗೆ, ದಾಖಲೆಗಳನ್ನು ಸಿದ್ಧವಾಗಿಟ್ಟುಕೊಂಡು ಮೊದಲ ವಾರದಲ್ಲಿಯೇ ಎರಡೂ ಬಾಗಿಲುಗಳನ್ನು ತಟ್ಟುವ ಮಾಲೀಕನೇ ತನ್ನ ವಾಹನವನ್ನು ಓಡುವ ಸ್ಥಿತಿಯಲ್ಲಿ ಮನೆಗೆ ತರಬಲ್ಲನು.